ಜೂನ್‌ಗೆ ತೆಳು, ಅಕ್ಟೋಬರ್‌ಗೆ ದಪ್ಪ

ತೋಟಗಾರಿಕೆಯ ಇಂಗ್ಲಿಷ್ ಪುಸ್ತಕ ಯಾವುದನ್ನು ತೆರೆದರೂ, ಗಿಡದ ಬುಡದ ಹೊದಿಕೆಯನ್ನು ವಸಂತದಲ್ಲಿ ಹೊಸದು ಮಾಡಿ ಎಂದು ಬರೆದಿರುತ್ತದೆ. ಹಿಮ ಕರಗಿ ಮಣ್ಣು ಬೆಚ್ಚಗಾದ ಮೇಲೆ ಎರಡು ಮೂರು ಇಂಚು ಹೊಸ ಹೊದಿಕೆ ಹಾಕಿದರೆ ಆಯಿತು, ಮತ್ತೆ ಮುಂದಿನ ವಸಂತಕ್ಕೆ ನೋಡಿಕೊಂಡರೆ ಸಾಕು. ಮುಂಬಯಿಯ ಮುಲುಂಡ್‌ನಲ್ಲಿ ಕೂತು ಇದನ್ನು ಓದುವವಳಿಗೆ ನಗು ಬರುತ್ತದೆ. ನಮಗಿರುವುದು ಎರಡೇ ಕಾಲ: ನಾಲ್ಕು ತಿಂಗಳು ಬಿಡದೆ ಸುರಿಯುವುದು, ಎಂಟು ತಿಂಗಳು ಹನಿಯೂ ಬೀಳದಿರುವುದು. ಜೂನ್ 11ರ ಆಸುಪಾಸಿಗೆ ಮಳೆ ಹಿಡಿದರೆ ಅಕ್ಟೋಬರ್ ಮೊದಲ ವಾರದ ಹೊತ್ತಿಗೆ ಸಾಂತಾಕ್ರೂಜ್‌ನ ಮಾಪಕದಲ್ಲಿ ಸರಾಸರಿ 2,300 ಮಿಲಿಮೀಟರ್ ತುಂಬಿರುತ್ತದೆ. 2005ರ ಜುಲೈ 26ರಂದು ಒಂದೇ ದಿನಕ್ಕೆ 944 ಮಿಲಿಮೀಟರ್ ಬಿದ್ದದ್ದನ್ನು ಈ ಊರಿನವರಿಗೆ ಹೇಳಬೇಕಾಗಿಲ್ಲ. ಆಮೇಲೆ ಶುರುವಾಗುವುದು ಅಕ್ಟೋಬರ್ ಹೀಟ್. ಅಲ್ಲಿಂದ ಮುಂದಿನ ಜೂನ್‌ವರೆಗೆ ಗಿಡಕ್ಕೆ ನೀರೆಂದರೆ ಪೈಪಿನ ನೀರು, ಅದೂ ಕಡಿತವಿಲ್ಲದ ದಿನ. 2024ರಲ್ಲಿ ಮೇ 30ರಿಂದ ಶೇಕಡಾ 5, ಜೂನ್ 5ರಿಂದ ಶೇಕಡಾ 10 ನೀರು ಕಡಿತವಾಗಿತ್ತು. ಇಂಥ ಊರಿನಲ್ಲಿ ಗಿಡದ ಹೊದಿಕೆಯನ್ನು ವರ್ಷಕ್ಕೆ ಎರಡು ಸಲ ನೋಡಿಕೊಳ್ಳಬೇಕು, ಎರಡು ಸಲವೂ ಮಾಡುವ ಕೆಲಸ ಒಂದಕ್ಕೊಂದು ಉಲ್ಟಾ.

ನಾನು ಶಿರಸಿ ಸೀಮೆಯ ಅಡಿಕೆ ತೋಟದ ಮನೆಯಿಂದ ಬಂದವಳು. ಬ್ಯಾಂಕಿನ ನೌಕರಿ ಮುಗಿಸಿದ ಮೇಲೆ ನಮ್ಮ ಹೌಸಿಂಗ್ ಸೊಸೈಟಿಯ ತೋಟದ ಉಸ್ತುವಾರಿ ನನ್ನ ಪಾಲಿಗೆ ಬಂತು. ವಾರ್ಷಿಕ ಸಭೆಯಲ್ಲಿ ಬೇರೆ ಯಾರೂ ಕೈ ಎತ್ತಲಿಲ್ಲ ಎನ್ನುವುದೇ ನನ್ನ ಅರ್ಹತೆ. ನಮ್ಮೂರಲ್ಲಿ ತೋಟದ ಮಣ್ಣನ್ನು ಬತ್ತಲೆ ಬಿಡುವ ಮಾತೇ ಇಲ್ಲ. ಗೊಬ್ಬರ ಹಾಕಿದ ಮೇಲೆ ಸೊಪ್ಪು ಮುಚ್ಚಲೇಬೇಕು, ಸೊಪ್ಪಿಗಾಗಿ ಬೆಟ್ಟ ಬೇಕೇ ಬೇಕು. ಬ್ರಿಟಿಷರ ಕಾಲದ ಸರ್ಕಾರವೇ ಈ ಲೆಕ್ಕವನ್ನು ಒಪ್ಪಿಕೊಂಡು, ಒಂದು ಎಕರೆ ಅಡಿಕೆ ತೋಟಕ್ಕೆ 9 ಎಕರೆಯವರೆಗೂ ಸೊಪ್ಪಿನ ಬೆಟ್ಟದ ಹಕ್ಕು ಕೊಟ್ಟಿತ್ತು. ಆ ಸರ್ಕಾರ ಕೂತಿದ್ದದ್ದು ಮುಂಬಯಿಯಲ್ಲೇ. 1862ರಿಂದ 1956ರವರೆಗೆ ನಮ್ಮ ಜಿಲ್ಲೆ ಈ ಊರಿನ ಆಡಳಿತದ ಕೆಳಗೆ ಇತ್ತು. ಚಳಿ ಕಳೆಯುತ್ತಿದ್ದಂತೆ ಬೆಟ್ಟದಲ್ಲಿ ದರಕು, ಅಂದರೆ ಉದುರಿದ ಒಣ ಎಲೆ, ಗುಡಿಸಿ, ಹಗ್ಗದ ಕಲ್ಲಿಯಲ್ಲಿ ತುಂಬಿ ಹೊತ್ತು ತರುವುದು ಮನೆಮಂದಿಗೆಲ್ಲ ಹಂಚಿಕೆಯಾದ ಕೆಲಸ. ಅದೇ ದರಕನ್ನು ಮುಂಬಯಿಯಲ್ಲಿ ಫೆಬ್ರವರಿಯ ಬೆಳಗ್ಗೆ ಝಾಡೂವಾಲಾ ಗುಡಿಸಿ, ಕಪ್ಪು ಪ್ಲಾಸ್ಟಿಕ್ ಚೀಲಕ್ಕೆ ತುಂಬಿ ಮುನಿಸಿಪಾಲ್ಟಿ ಗಾಡಿಗೆ ಕೊಡುತ್ತಾನೆ. ಮರುವಾರ ಅದೇ ಸೊಸೈಟಿ ದುಡ್ಡು ಕೊಟ್ಟು ಕೋಕೊಪೀಟ್ ಇಟ್ಟಿಗೆ ಕೊಳ್ಳುತ್ತದೆ. ಇದಕ್ಕಿಂತ ದಡ್ಡ ವ್ಯವಹಾರವನ್ನು ನಾನು ಸಾಲದ ವಿಭಾಗದಲ್ಲೂ ಕಂಡಿಲ್ಲ.

ಹೊದಿಕೆಯಿಂದ ಏನು ಲಾಭ ಎಂದು ಕೇಳುವವರಿಗೆ, ಹೊದಿಕೆ ಇಲ್ಲದ ಪಾತಿಯನ್ನು ಜುಲೈನಲ್ಲೊಮ್ಮೆ, ಏಪ್ರಿಲ್‌ನಲ್ಲೊಮ್ಮೆ ತೋರಿಸಿದರೆ ಸಾಕು. ಜುಲೈನ ಹನಿಗಳು ಬರಿ ಮಣ್ಣಿಗೆ ಅಪ್ಪಳಿಸಿ, ಕಂಪೌಂಡ್ ಗೋಡೆಯ ಮೇಲೆ ಮೊಳಕಾಲೆತ್ತರಕ್ಕೆ ಕೆಂಪು ಚಿತ್ತಾರ ಬರೆದಿರುತ್ತವೆ. ಮಣ್ಣಿನ ನಯವಾದ ಪುಡಿ ಮೇಲೆದ್ದು ಸಂದುಗಳನ್ನು ಮುಚ್ಚಿ, ಒಣಗಿದ ಮೇಲೆ ಹೆಪ್ಪಳಿಕೆಯಾಗುತ್ತದೆ. ಏಪ್ರಿಲ್‌ನಲ್ಲಿ ಆ ಹೆಪ್ಪಳಿಕೆಯ ಮೇಲೆ ನೀರು ಬಿಟ್ಟರೆ ಅರ್ಧ ನೀರು ಟೈಲ್ಸ್ ಮೇಲೆ ಹರಿದು ಹೋಗುತ್ತದೆ, ಉಳಿದರ್ಧ ಸಂಜೆಯೊಳಗೆ ಆವಿ. ಈಗಿನ ರೀಡೆವಲಪ್‌ಮೆಂಟ್ ಕಟ್ಟಡಗಳಲ್ಲಿ ತೋಟ ಇರುವುದು ಪಾರ್ಕಿಂಗ್ ಸ್ಲ್ಯಾಬಿನ ಮೇಲೆ. ಅಲ್ಲಿ ಮಣ್ಣು ಒಂದೂವರೆ ಅಡಿ ಇದ್ದರೆ ಪುಣ್ಯ. ಬೇರು ತಂಪು ಹುಡುಕಿಕೊಂಡು ಕೆಳಗಿಳಿಯಲು ಜಾಗವಿಲ್ಲ, ಕೆಳಗಿನಿಂದ ಕಾಂಕ್ರೀಟ್ ಕಾಯುತ್ತದೆ, ಮೇಲಿನಿಂದ ಬಿಸಿಲು. ಅಂಥ ಕಡೆ ಮೂರು ಇಂಚು ಒಣ ಎಲೆ ಹಾಕಿದರೆ, ದಿನಾ ನೀರು ಕೇಳುತ್ತಿದ್ದ ದಾಸವಾಳ ಒಂದು ದಿನ ಬಿಟ್ಟು ಒಂದು ದಿನಕ್ಕೆ ಒಪ್ಪಿಕೊಳ್ಳುತ್ತದೆ.

ಹಾಸುವುದು ಎಲ್ಲರಿಗೂ ಗೊತ್ತಿರುವ ಕೆಲಸ. ಹಳೆಯದರ ಮೇಲೆ ಹೊಸದನ್ನು ಹಾಕುವ ಮುಂಚೆ ಹಳೆಯದು ಏನಾಗಿದೆ ಎಂದು ನೋಡುವವರು ಮಾತ್ರ ಕಡಿಮೆ. ನಮ್ಮ ಮಾಲಿ ಜೌನ್‌ಪುರದ ಕಡೆಯವನು, ಗಿಡ ಕತ್ತರಿಸುವುದರಲ್ಲಿ ಕೈ ತುಂಬ ಚೆನ್ನಾಗಿದೆ. ಆದರೆ ಹೊದಿಕೆ ಹಾಕು ಎಂದರೆ ಘಮೇಲಾ ತುಂಬ ಎಲೆ ತಂದು ಕಾಂಡಕ್ಕೆ ಗೋಪುರದ ಹಾಗೆ ಪೇರಿಸಿಬಿಡುತ್ತಿದ್ದ. “ಆಂಟಿಜೀ, ಚೆನ್ನಾಗಿ ಕಾಣುತ್ತೆ” ಎನ್ನುವುದು ಅವನ ವಾದ. ಕಾಂಡಕ್ಕೆ ಹಸಿ ಎಲೆ ತಾಗಿಕೊಂಡೇ ಇದ್ದರೆ ತೊಗಟೆ ಮೆತ್ತಗಾಗುತ್ತದೆ, ಬುಡ ಕೊಳೆಯುತ್ತದೆ, ಅಲ್ಲಿಂದ ಗೆದ್ದಲಿಗೂ ದಾರಿ. ಪೊದೆ ಗಿಡವಾದರೆ ಕಾಂಡದಿಂದ ನಾಲ್ಕು ಬೆರಳು, ಮರವಾದರೆ ಒಂದು ಗೇಣು ಜಾಗ ಬರಿದಾಗಿಯೇ ಇರಬೇಕು. ಇದನ್ನು ಅವನಿಗೆ ಬಾಯಲ್ಲಿ ಹೇಳಿ ಉಪಯೋಗವಾಗಲಿಲ್ಲ. ಒಂದು ಹಳೆಯ ನಂದಿಬಟ್ಟಲಿನ ಬುಡದಿಂದ ಎಲೆ ಸರಿಸಿ, ಕಪ್ಪಾದ ತೊಗಟೆಯನ್ನು ಉಗುರಿನಿಂದ ಎಬ್ಬಿಸಿ ತೋರಿಸಿದ ಮೇಲೆ ಅವನೇ ಉಳಿದ ಗೋಪುರಗಳನ್ನೆಲ್ಲ ಕೆಡವಿದ.

ಹಳೆಯ ಹೊದಿಕೆಯನ್ನು ಪರೀಕ್ಷಿಸಲು ಕೈಗಿಂತ ಒಳ್ಳೆಯ ಉಪಕರಣವಿಲ್ಲ. ಬೆರಳುಗಳನ್ನು ನೇರ ಕೆಳಗಿಳಿಸಿ. ಸರಿಯಾಗಿರುವ ಹೊದಿಕೆಯಲ್ಲಿ ಮೇಲೆ ಗರಿಗರಿ ಎಲೆ, ನಡುವೆ ಬಿಳಿ ಎಳೆಗಳು ಹಬ್ಬಿದ ಅರೆಕೊಳೆತ ಪದರ, ತಳದಲ್ಲಿ ಎಲೆಯೋ ಮಣ್ಣೋ ಹೇಳಲಾಗದ ಕಪ್ಪು ಪುಡಿ ಸಿಗುತ್ತದೆ. ಆ ಬಿಳಿ ಎಳೆಗಳನ್ನು ಕಂಡು ಔಷಧಿ ಹೊಡೆಯಲು ಓಡಬೇಡಿ. ಅವು ಎಲೆಯನ್ನು ಕರಗಿಸುವ ಶಿಲೀಂಧ್ರಗಳು, ಗಿಡದ ರೋಗವಲ್ಲ. ಮಳೆಗಾಲದಲ್ಲಿ ಇದ್ದಕ್ಕಿದ್ದಂತೆ ಹಳದಿ ನೊರೆಯಂಥದ್ದು ಎದ್ದು ಮಕ್ಕಳನ್ನೂ ಸೆಕ್ರೆಟರಿಯನ್ನೂ ಹೆದರಿಸುವುದುಂಟು. ಅದೂ ನಿರುಪದ್ರವಿ, ಒಂದೆರಡು ದಿನದಲ್ಲಿ ತಾನೇ ಒಣಗಿ ಪುಡಿಯಾಗುತ್ತದೆ. ಹೆದರಬೇಕಾದದ್ದು ವಾಸನೆಗೆ. ಕಾಡಿನ ಮಣ್ಣಿನ ವಾಸನೆ ಬಂದರೆ ಕ್ಷೇಮ. ಹುಳಿ ವಾಸನೆಯೋ ಕೊಳೆತ ಮೊಟ್ಟೆಯ ವಾಸನೆಯೋ ಬಂದರೆ ಒಳಗೆ ಗಾಳಿಯಾಡುತ್ತಿಲ್ಲ ಎಂದರ್ಥ, ಎಲ್ಲವನ್ನೂ ಎಳೆದು ಹರವಬೇಕು. ಬೇಸಿಗೆಯ ಪರೀಕ್ಷೆ ಇನ್ನೊಂದು: ಒಂದು ಚೊಂಬು ನೀರು ಹೊದಿಕೆಯ ಮೇಲೆ ಸುರಿಯಿರಿ. ಇಂಗದೆ ಉರುಳಿ ಪಕ್ಕಕ್ಕೆ ಹೋದರೆ, ಶಿಲೀಂಧ್ರದ ಎಳೆಗಳು ಒಣಗಿ ಚಾಪೆಯಾಗಿ ನೀರನ್ನು ತಡೆಯುತ್ತಿವೆ. ಪಂಜಾದಿಂದ ಕೆದರಿ ಸಡಿಲ ಮಾಡಿದರೆ ಮುಗಿಯಿತು, ಹೊಸ ಎಲೆ ಬೇಕಾಗಿಯೇ ಇಲ್ಲ. ಎಷ್ಟೋ ಸಲ ‘ಹೊಸದು ಮಾಡುವುದು’ ಎಂದರೆ ಬರೀ ಇಷ್ಟೇ. ಒಟ್ಟು ದಪ್ಪ ಮೂರು ಇಂಚು ಇರುವಂತೆ ಕರಗಿದಷ್ಟನ್ನು ಮಾತ್ರ ತುಂಬಬೇಕು. ಪ್ರತಿ ವರ್ಷ ಕಣ್ಣುಮುಚ್ಚಿ ಮೂರು ಇಂಚು ಸೇರಿಸಿದರೆ, ಬೇರುಗಳು ಮಣ್ಣು ಬಿಟ್ಟು ಹೊದಿಕೆಯೊಳಕ್ಕೇ ಮೇಲೇರಿ ಬರುತ್ತವೆ, ಆಮೇಲೆ ಮೇ ತಿಂಗಳಲ್ಲಿ ಮೊದಲು ಒಣಗುವುದೂ ಅವೇ.

ಇನ್ನು ಜೂನ್ ಮಾತು. ಮಳೆಗೆ ಮೊದಲು ತೋಟವನ್ನು ಸಿಂಗರಿಸುವ ಹುಮ್ಮಸ್ಸಿನಲ್ಲಿ ಬಹಳ ಸೊಸೈಟಿಗಳು ದಪ್ಪ ಹೊದಿಕೆ ಹಾಕಿಸುತ್ತವೆ. ಬೇಡ. ಮೇ ಕೊನೆಯ ವಾರ ನಾವು ಮಾಡುವುದು ತೆಗೆಯುವ ಕೆಲಸ. ತಳದ ಕಪ್ಪು ಪುಡಿಯನ್ನು ಅಲ್ಲೇ ಬಿಟ್ಟು, ಕರಗದ ಮೇಲಿನ ಎಲೆಯಲ್ಲಿ ಅರ್ಧವನ್ನು ಗೋಣಿಗೆ ತುಂಬಿ ಗೊಬ್ಬರದ ತೊಟ್ಟಿಯ ಪಕ್ಕ ಇಡುತ್ತೇವೆ. ಪಾತಿಯ ಮೇಲೆ ಉಳಿಯಬೇಕಾದದ್ದು ಒಂದು ಇಂಚು, ಅದೂ ಒರಟಾದದ್ದು: ಸಣ್ಣ ಕಡ್ಡಿ, ಗುಲ್‌ಮೊಹರಿನ ಎಲೆಯ ದಂಟು, ಚೂರು ಮಾಡಿದ ತೆಂಗಿನ ಗರಿ. ಹನಿಯ ಪೆಟ್ಟನ್ನು ತಡೆಯಲು ಅಷ್ಟು ಸಾಕು, ನೀರು ಕಟ್ಟಿಕೊಳ್ಳುವುದಿಲ್ಲ. ಜುಲೈನಲ್ಲಿ ದಪ್ಪ ಎಲೆ ಹಾಸು ಎಂದರೆ ಆಫ್ರಿಕನ್ ಬಸವನಹುಳುಗಳಿಗೆ ಧರ್ಮಛತ್ರ ಕಟ್ಟಿಸಿದಂತೆ. ಮುಷ್ಟಿ ಗಾತ್ರದವು ಹಗಲೆಲ್ಲ ಅಡಗಿದ್ದು ರಾತ್ರಿ ಎಳೆ ಚಿಗುರನ್ನು ಬೋಳಿಸುತ್ತವೆ. ಗೋಡೆಯ ಅಂಚಿನಲ್ಲಂತೂ ಎಲೆ ಬೇಡವೇ ಬೇಡ, ಹೆಗ್ಗಣಗಳು ಬಿಲ ತೋಡಲು ಮರೆ ಸಿಕ್ಕಂತಾಗುತ್ತದೆ. ಪ್ರತಿ ಮಳೆಗಾಲ ಲೆಪ್ಟೊಸ್ಪೈರೋಸಿಸ್ ಎಂಬ ಇಲಿಜ್ವರದ ಸುದ್ದಿ ಓದುವ ಊರು ಇದು.

ಸ್ಲ್ಯಾಬಿನ ಮೇಲಿನ ತೋಟದವರಿಗೆ ಇನ್ನೊಂದು ತಲೆನೋವು ಇದೆ. ಮೊದಲ ದೊಡ್ಡ ಮಳೆಗೆ ಎಲೆಯೆಲ್ಲ ತೇಲಿ ಹೋಗಿ ನೀರಿಳಿಯುವ ಬಾಯಿಯ ಜಾಳಿಗೆ ಅಂಟಿಕೊಳ್ಳುತ್ತದೆ. ನೀರು ಅಲ್ಲೇ ನಿಂತು ಮೂರನೇ ದಿನ ಕೆಳಗಿನ ಪಾರ್ಕಿಂಗ್‌ನಲ್ಲಿ ಯಾರದೋ ಕಾರಿನ ಬಾನೆಟ್ಟಿನ ಮೇಲೆ ತೊಟ್ಟಿಕ್ಕುತ್ತದೆ. ಆಮೇಲೆ ನಡೆಯುವ ವಾಟ್ಸಾಪ್ ಯುದ್ಧದಲ್ಲಿ ತೋಟದ ಕಮಿಟಿ ಗೆದ್ದ ಉದಾಹರಣೆ ಇಲ್ಲ. ಜಾಳಿಯ ಸುತ್ತ ಎರಡು ಅಡಿ ಬರಿದು ಬಿಟ್ಟು, ಇಟ್ಟಿಗೆ ಅಡ್ಡ ಇಟ್ಟು, ಮಳೆಗಾಲ ಪೂರ್ತಿ ವಾರಕ್ಕೊಮ್ಮೆ ಕೈಯಿಂದ ತೆಗೆಸುವುದು ಒಂದೇ ದಾರಿ. ಎಳನೀರಿನ ಬುರುಡೆಯನ್ನು ಅರ್ಧ ಸೀಳಿ ಪಾತಿಯ ಅಂಚಿಗೆ ಅಲಂಕಾರಕ್ಕೆ ಜೋಡಿಸುವವರೂ ಇದ್ದಾರೆ. ಬೇಸಿಗೆಯಲ್ಲಿ ಚೆಂದವೇ. ಜೂನ್‌ನಲ್ಲಿ ಅದರೊಳಗೆ ನಿಂತ ಒಂದು ಲೋಟ ನೀರು ಡೆಂಗಿ ಸೊಳ್ಳೆಗೆ ಸಾಕು. ಆ ಸೊಳ್ಳೆಯ ಮೊಟ್ಟೆ ಒಣ ಬುರುಡೆಗೆ ಅಂಟಿಕೊಂಡು ತಿಂಗಳುಗಟ್ಟಲೆ ಬದುಕಿರುತ್ತದೆ, ನೀರು ತಾಗಿದ ಕೂಡಲೇ ಒಡೆಯುತ್ತದೆ. ಮುನಿಸಿಪಾಲ್ಟಿಯ ಕೀಟನಾಶಕ ವಿಭಾಗದವರು ಬಂದು ನೋಟಿಸ್ ಅಂಟಿಸುವ ಮುಂಚೆ ಅವನ್ನು ತೆಗೆಸಿಬಿಡಿ. ನಾರನ್ನು ಸುಲಿದು ಚೂರು ಮಾಡಿ ಹಾಕುವುದಾದರೆ ಅಡ್ಡಿಯಿಲ್ಲ. ಮುಂಬಯಿಗೆ ಬರುವ ಎಳನೀರಿನಲ್ಲಿ ನಮ್ಮ ಮದ್ದೂರಿನ ಮಾರುಕಟ್ಟೆಯ ಪಾಲೂ ಇದೆ, ಆ ನಾರಾದರೂ ದೇವನಾರಿನ ಕಸದ ಗುಡ್ಡ ಸೇರದಿರಲಿ.

ಮಳೆಗಾಲದಲ್ಲಿ ಹೊದಿಕೆ ತೆಳುವಾದರೆ ಕಳೆ ಏಳುತ್ತದೆ, ನಿಜ. ಆ ಕಳೆಯಲ್ಲಿ ಒಂದನ್ನು ನಾನು ಬೇಕೆಂದೇ ಉಳಿಸುತ್ತೇನೆ. ಇಲ್ಲಿಯವರು ಟಾಕಳಾ ಎನ್ನುವ, ತುಳು ಮಾತಾಡುವ ನಮ್ಮ ನೆರೆಯವರು ತಜಂಕ್ ಎನ್ನುವ ಸೊಪ್ಪು. ಮೊದಲ ಮಳೆಯ ನಂತರದ ಎಳೆ ಎಲೆಗೆ ಬಿ ವಿಂಗ್‌ನ ಶೆಟ್ಟರ ಮನೆಯಿಂದ ಮುಂಗಡ ಬುಕಿಂಗ್ ಇರುತ್ತದೆ. ಹಾಗಾಗಿ ಹಿಂದಿನ ಗೇಟಿನ ಪಕ್ಕದ ಒಂದು ಪಾತಿಗೆ ಹೊದಿಕೆ ಇಲ್ಲ.

ನವರಾತ್ರಿಯ ಹೊತ್ತಿಗೆ ಮಳೆ ಹಿಂದೆ ಸರಿಯುತ್ತದೆ. ಆಗ ಪಾತಿ ನೋಡಿದರೆ ಹೊದಿಕೆಯ ಹೆಸರೂ ಉಳಿದಿರುವುದಿಲ್ಲ. ಬಿಸಿ, ತೇವ ಎರಡೂ ಸೇರಿದ ಆ ನಾಲ್ಕು ತಿಂಗಳು ಎಲೆಯನ್ನು ಅಷ್ಟು ಬೇಗ ತಿಂದು ಮುಗಿಸುತ್ತವೆ. ವರ್ಷದ ಮುಖ್ಯ ಕೆಲಸ ಇದು: ಮಣ್ಣಿನಲ್ಲಿ ತೇವ ಇನ್ನೂ ಇರುವಾಗಲೇ ಮುಚ್ಚಬೇಕು. ಒಣಗಿದ ಮೇಲೆ ಮುಚ್ಚಿದರೆ ಒಣಗನ್ನೇ ಕಾಪಾಡಿದ ಹಾಗೆ. ಕಳೆ ಕಿತ್ತು, ಖುರ್ಪಿಯಿಂದ ಮೇಲ್ಮಣ್ಣನ್ನು ಸ್ವಲ್ಪವೇ ಸಡಿಲಿಸಿ, ತೊಟ್ಟಿಯ ಗೊಬ್ಬರವನ್ನು ಬೇವಿನ ಹಿಂಡಿಯ ಜೊತೆ ಹರಡಿ, ಒಮ್ಮೆ ನೀರುಣಿಸಿ, ಅದರ ಮೇಲೆ ಎಲೆ. ಹಾಕುವಾಗ ನಾಲ್ಕೈದು ಇಂಚು ಇರಲಿ, ದೀಪಾವಳಿಯ ಹೊತ್ತಿಗೆ ಕುಗ್ಗಿ ಮೂರಾಗುತ್ತದೆ. ಎಲೆಯನ್ನು ಮಣ್ಣಿನೊಳಗೆ ಬೆರೆಸಬೇಡಿ. ಒಣ ಎಲೆಯನ್ನೋ ಮರದ ಹೊಟ್ಟನ್ನೋ ಕರಗಿಸುವ ಸೂಕ್ಷ್ಮಜೀವಿಗಳಿಗೆ ಸಾರಜನಕ ಬೇಕು. ಮೇಲಿದ್ದರೆ ಮೇಲ್ಪದರದಿಂದಷ್ಟೇ ತೆಗೆದುಕೊಳ್ಳುತ್ತವೆ. ಒಳಗೆ ಬೆರೆಸಿದರೆ ಬೇರಿನ ಪಾಲನ್ನೇ ಕಿತ್ತುಕೊಂಡು ಗಿಡವನ್ನು ಹಳದಿ ಮಾಡುತ್ತವೆ.

ಅಕ್ಟೋಬರ್‌ನಲ್ಲಿ ಅಷ್ಟೊಂದು ಎಲೆ ಎಲ್ಲಿಂದ? ಮುಂಬಯಿಯ ಮರಗಳು ಎಲೆ ಉದುರಿಸುವುದು ಜನವರಿಯಿಂದ ಏಪ್ರಿಲ್‌ವರೆಗೆ. ಅದನ್ನು ಕೂಡಿಡಬೇಕು. ಹಿಂದಿನ ಗೋಡೆಯಿಂದ ದೂರವಾಗಿ, ಕಬ್ಬಿಣದ ಜಾಳಿ ಸುತ್ತಿ ಒಂದು ಪಂಜರ, ಮೇಲೆ ಮಳೆಗೆ ತಗಡು. ಎಲ್ಲ ಎಲೆಯೂ ಒಂದೇ ಅಲ್ಲ ಎನ್ನುವುದು ಪಂಜರ ತುಂಬುವಾಗ ತಿಳಿಯುತ್ತದೆ. ಮಳೆಮರದ ಪುಟ್ಟ ಎಲೆಗಳು ಅತ್ಯುತ್ತಮ, ಹಾಸಿದರೆ ಒಂದಕ್ಕೊಂದು ಹೊಂದಿಕೊಂಡು ಕೂರುತ್ತವೆ, ದ್ವಿದಳ ಜಾತಿಯದಾದ್ದರಿಂದ ಮಣ್ಣಿಗೂ ಒಳ್ಳೆಯ ಊಟ. ಆದರೆ ಬೇಗ ಕರಗುತ್ತವೆ, ಡಿಸೆಂಬರ್‌ಗೆ ಇನ್ನೊಂದು ಕೈ ಹಾಕಬೇಕು. ಮುಂಬಯಿಯ ಮಳೆಮರಗಳಿಗೆ ಹಿಟ್ಟು ತಿಗಣೆ ಹತ್ತಿ ಸಾಲುಸಾಲಾಗಿ ಒಣಗಿದ್ದನ್ನು ನೋಡಿದವರು, ಬಿಳಿ ಹಿಟ್ಟು ಅಂಟಿದ ಹಸಿ ಟೊಂಗೆಯ ಎಲೆಯನ್ನು ಮಾತ್ರ ತರುವುದಿಲ್ಲ. ದೇಶಿ ಬಾದಾಮಿಯ ಕೆಂಪು ಎಲೆ ನೋಡಲು ರಾಜಗಾಂಭೀರ್ಯ, ಹಾಸಿದರೆ ಪತ್ರಾವಳಿಯಂತೆ ಒಂದರ ಮೇಲೊಂದು ಕೂತು ನೀರನ್ನೇ ಒಳಗೆ ಬಿಡುವುದಿಲ್ಲ. ಹಲಸು, ಮಾವಿನದೂ ಅದೇ ಕಥೆ. ಗೋಣಿಯೊಳಗೆ ತುಂಬಿ ಕಾಲಿನಿಂದ ತುಳಿದು ಪುಡಿ ಮಾಡಿದರೆ ಇವೇ ಐದಾರು ತಿಂಗಳು ಬಾಳುತ್ತವೆ. ಬೇಸಿಗೆ ರಜೆಯಲ್ಲಿ ಸೊಸೈಟಿಯ ಮಕ್ಕಳಿಗೆ ಇದಕ್ಕಿಂತ ಇಷ್ಟದ ಕೆಲಸ ಕೊಡಲಾರಿರಿ. ಅಶೋಕವೆಂದು ಎಲ್ಲರೂ ಕರೆಯುವ ಆ ನೆಟ್ಟನೆಯ ಮರದ ಎಲೆ ನಿಧಾನಕ್ಕೆ ಕರಗುತ್ತದೆ, ಮಳೆಮರದ ಎಲೆಯ ಜೊತೆ ಸಮಸಮ ಬೆರೆಸಿದರೆ ಎರಡರ ದೋಷವೂ ಹೋಗುತ್ತದೆ. ಸುಬಾಬುಲ್ ಎಲೆ ಒಳ್ಳೆಯದು, ಕಾಯಿ ಬಂದರೆ ಕೆಟ್ಟಿತು, ವರ್ಷವೆಲ್ಲ ಸಸಿ ಕೀಳುತ್ತ ಕೂರಬೇಕು.

ಏಪ್ರಿಲ್, ಮೇ ತಿಂಗಳಲ್ಲಿ ಇನ್ನೊಂದು ಸಂಪತ್ತು ಲಿಫ್ಟಿನಲ್ಲೇ ಮೇಲೆ ಹೋಗುತ್ತದೆ: ಹಾಪೂಸ್ ಮಾವಿನ ಪೇಟಿಯೊಳಗಿನ ಭತ್ತದ ಹುಲ್ಲು. ಹಣ್ಣು ಮುಗಿದ ಮೇಲೆ ಹುಲ್ಲನ್ನು ಕಸಕ್ಕೆ ಹಾಕಬೇಡಿ, ವಾಚ್‌ಮನ್ ಹತ್ತಿರ ಕೊಡಿ ಎಂದು ಒಂದು ಚೀಟಿ ಅಂಟಿಸಿದರೆ ಚೀಲಗಟ್ಟಲೆ ಸೇರುತ್ತದೆ. ನೀರು ಕಡಿತದ ಆ ದಿನಗಳಿಗೆ ಹಗುರಾದ, ಬಿಸಿಲನ್ನು ಹಿಂದಕ್ಕೆ ತೂರುವ ತಿಳಿ ಬಣ್ಣದ ಹುಲ್ಲಿಗಿಂತ ಬೇರೆ ಬೇಕಿಲ್ಲ. ಅದರಲ್ಲಿ ಉಳಿದ ನಾಲ್ಕು ಕಾಳು ಜೂನ್‌ನಲ್ಲಿ ಮೊಳೆತು, ಮೊಗ್ರಾ ಪಾತಿಯಲ್ಲಿ ಭತ್ತದ ಪೈರು ಕಂಡರೆ ಕಂಡೀತು.

ಕಬ್ಬಿನ ರಸದ ಅಂಗಡಿಯ ಸಿಪ್ಪೆಗೂ ಈ ಊರಿನ ತಾರಸಿ ತೋಟಗಳಿಗೂ ಹಳೆಯ ನಂಟು. ಬಾಂದ್ರಾದ ತಾರಸಿಯಲ್ಲಿ ತರಕಾರಿ ಹಣ್ಣು ಬೆಳೆದು ತೋರಿಸಿದ ಡಾ. ಆರ್. ಟಿ. ದೋಶಿಯವರ ಪದ್ಧತಿಗೆ ಕಬ್ಬಿನ ಸಿಪ್ಪೆಯೇ ಆಧಾರ, ಮಣ್ಣು ಹೆಸರಿಗಷ್ಟೇ. 2002ರಲ್ಲಿ ಮುಂಬಯಿ ಪೋರ್ಟ್ ಟ್ರಸ್ಟ್‌ನ ಕ್ಯಾಂಟೀನ್ ಅಧಿಕಾರಿ ಪ್ರೀತಿ ಪಾಟೀಲ್ ತಮ್ಮ ಅಡುಗೆಮನೆಯ ತಾರಸಿಯ ಮೇಲೆ ತೋಟ ಶುರು ಮಾಡಿದರು. ಅಡುಗೆಯ ತ್ಯಾಜ್ಯ, ಒಣ ಎಲೆ, ಕಬ್ಬಿನ ಸಿಪ್ಪೆ ಅಲ್ಲಿ ಮಣ್ಣಾದವು. ಸಿಪ್ಪೆಯನ್ನು ಹಸಿಯಾಗಿ ಹಾಕಿದರೆ ಇರುವೆ, ನೊಣ ಮುತ್ತುತ್ತವೆ, ಹುಳಿ ವಾಸನೆ ಏಳುತ್ತದೆ. ಒಮ್ಮೆ ತೊಳೆದು ಬಿಸಿಲಿಗೆ ಹರವಿ ಕಡಕ್ ಆದ ಮೇಲೆ ಬಳಸಿದರೆ ಈ ರಗಳೆಯಿಲ್ಲ. ಮಂದಿರದ ನಿರ್ಮಾಲ್ಯದ ಚೆಂಡುಹೂವನ್ನೂ ಹಾಕಬಹುದು, ದಾರ ಬಿಚ್ಚುವ ತಾಳ್ಮೆ ಇದ್ದವರಿಗೆ. ಎಲೆಗಾಗಿ ಬೊರಿವಲಿಯ ರಾಷ್ಟ್ರೀಯ ಉದ್ಯಾನಕ್ಕೆ ಚೀಲ ಹಿಡಿದು ಹೋಗುವ ಉತ್ಸಾಹ ಮಾತ್ರ ಬೇಡ. ಅಲ್ಲಿನ ಸಾಗವಾನಿ ಎಲೆ ಆ ಕಾಡಿನ ಹೊದಿಕೆ, ಹೊರಗೆ ತರುವುದು ಕಾನೂನಿಗೂ ವಿರುದ್ಧ.

ಕಾನೂನಿನ ಮಾತು ಬಂತು. 2016ರ ಘನತ್ಯಾಜ್ಯ ನಿಯಮಗಳು ತೋಟದ ಕಸವನ್ನು ಬೇರೆಯಾಗಿ ಇಟ್ಟುಕೊಳ್ಳುವ ಹೊಣೆಯನ್ನು ನಮಗೇ ವಹಿಸಿದ್ದವು, ಬಯಲಲ್ಲಿ ಸುಡಬಾರದು ಎಂದಿದ್ದವು. ದಿನಕ್ಕೆ 100 ಕಿಲೋಗಿಂತ ಹೆಚ್ಚು ಕಸ ಹುಟ್ಟುವ ದೊಡ್ಡ ಸೊಸೈಟಿಗಳು ಹಸಿ ಕಸವನ್ನು ತಮ್ಮಲ್ಲೇ ಸಂಸ್ಕರಿಸಬೇಕೆಂದು ಮುಂಬಯಿ ಮಹಾನಗರಪಾಲಿಕೆ 2017ರ ಅಕ್ಟೋಬರ್ 2ರ ಗಡುವು ಕೊಟ್ಟಿತ್ತು. ಆದರೂ ಚಳಿಗಾಲದ ಬೆಳಗ್ಗೆ ಎಲೆ ಸುಟ್ಟ ಹೊಗೆ ಮೂಗಿಗೆ ಬಡಿಯದ ಬಡಾವಣೆಗಳು ಈ ಊರಲ್ಲಿ ಎಷ್ಟಿವೆ? ಪುಣೆಯಲ್ಲಿ ಅದಿತಿ ದೇವಧರ್ ‘ಬ್ರೌನ್ ಲೀಫ್’ ಎಂಬ ಕೂಟ ಕಟ್ಟಿ, ಎಲೆ ಹೆಚ್ಚಾದವರನ್ನೂ ಎಲೆ ಬೇಕಾದವರನ್ನೂ ಜೋಡಿಸಿದರು. ನಮ್ಮ ಓಣಿಯಲ್ಲಿ ಅಷ್ಟು ವ್ಯವಸ್ಥೆ ಇಲ್ಲದಿದ್ದರೂ, ಮರವಿಲ್ಲದ ಎದುರು ಸೊಸೈಟಿಯವರು ಈಗ ನಮ್ಮ ಪಂಜರದ ಮೇಲೆ ಕಣ್ಣಿಟ್ಟಿದ್ದಾರೆ.

ನಮ್ಮವರನ್ನೇ ಒಪ್ಪಿಸುವುದು ಅದಕ್ಕಿಂತ ಕಷ್ಟವಾಗಿತ್ತು. “ಮೇಡಂ, ತೋಟದಲ್ಲಿ ಕಸ ಹಾಗೇ ಬಿದ್ದಿದೆ, ಗುಡಿಸಿಲ್ಲ” ಎಂದು ಸೆಕ್ರೆಟರಿಗೆ ದೂರು ಹೋಗುತ್ತಿತ್ತು. ದೂರುವವರ ಆಸೆ ಬಿಳಿ ಕಲ್ಲಿನ ಚೂರು. ಹೊಸ ಟವರುಗಳ ಲಾಬಿಯ ಮುಂದೆ ಇರುತ್ತದಲ್ಲ, ಅಡಿಯಲ್ಲಿ ಕಪ್ಪು ಪ್ಲಾಸ್ಟಿಕ್, ಮೇಲೆ ಅಮೃತಶಿಲೆಯ ಜಲ್ಲಿ. ಅದು ಹಗಲು ಕಾದು ರಾತ್ರಿಯೂ ಬೇರನ್ನು ಬೇಯಿಸುತ್ತದೆ, ಮಣ್ಣಿಗೆ ಏನನ್ನೂ ಕೊಡುವುದಿಲ್ಲ, ಆಗಸ್ಟ್‌ಗೆ ಪಾಚಿ ಹಿಡಿದು ಹಸಿರಾಗುತ್ತದೆ. ಬಣ್ಣ ಹಾಕಿದ ಮರದ ಚೂರೂ ನನಗೆ ಬೇಡ. ಕೊನೆಗೆ ರಾಜಿಯಾದದ್ದು ಒಂದು ಸಾಲು ಇಟ್ಟಿಗೆಯಲ್ಲಿ. ಪಾತಿಯ ಅಂಚಿಗೆ ಇಟ್ಟಿಗೆ ಓರೆಯಾಗಿ ನೆಟ್ಟು, ಎಲೆಯನ್ನು ಅದಕ್ಕಿಂತ ಒಂದು ಇಂಚು ಕೆಳಗೆ ನಿಲ್ಲಿಸಿದ ಕೂಡಲೇ ದೂರು ನಿಂತಿತು. ಅಂಚು ಇದ್ದರೆ ಅದೇ ಎಲೆ ಶಿಸ್ತಾಗಿ ಕಾಣುತ್ತದೆ! ಹರಟೆಮಲ್ಲ ಹಕ್ಕಿಗಳ ಗುಂಪು ಬೆಳಗ್ಗೆ ಹುಳ ಹುಡುಕಿ ಎಲೆ ಚೆಲ್ಲಾಡುವುದೂ ಇದರಿಂದ ಅರ್ಧ ಕಡಿಮೆಯಾಯಿತು. ಬೆಕ್ಕುಗಳ ವಿಷಯ ಬೇರೆ. ಕೋಕೊಪೀಟ್‌ನ ನಯವಾದ ಪುಡಿಯನ್ನು ಅವು ತಮ್ಮ ಶೌಚಾಲಯವೆಂದೇ ತಿಳಿಯುತ್ತವೆ, ಕಡ್ಡಿ ಬೆರೆತ ಒರಟು ಎಲೆಯನ್ನು ಮುಟ್ಟುವುದಿಲ್ಲ.

ಪಾತಿಯಿಲ್ಲದೆ ಕಿಟಕಿಯ ಬಾಕ್ಸ್ ಗ್ರಿಲ್‌ನಲ್ಲಿ ನಾಲ್ಕು ಕುಂಡ ಇಟ್ಟವರಿಗೂ ಲೆಕ್ಕ ಇದೇ. ಆದರೆ ಅಲ್ಲಿ ಬಿಡಿ ಎಲೆ ಹಾಕಿದರೆ ಗಾಳಿಗೆ ಹಾರಿ ಕೆಳಗಿನ ಮನೆಯವರು ಒಣಹಾಕಿದ ಬಟ್ಟೆಯ ಮೇಲೆ ಬೀಳುತ್ತದೆ. ತೆಂಗಿನ ಸಿಪ್ಪೆಯ ನಾರನ್ನು ಬಡಿದು ಚಪ್ಪಟೆ ಮಾಡಿ, ಕುಂಡದ ಬಾಯಿಯ ಅಳತೆಗೆ ಕತ್ತರಿಸಿ, ಕಾಂಡಕ್ಕೆ ತಾಗದಂತೆ ನಡುವೆ ಜಾಗ ಬಿಟ್ಟು ಕೂರಿಸಿ. ಜೂನ್‌ನಲ್ಲಿ ಎತ್ತಿ ಒಣಗಿಸಿ ಇಟ್ಟರೆ ಮಳೆ ನಿಂತ ಮೇಲೆ ಅದನ್ನೇ ಮತ್ತೆ ಹಾಕಬಹುದು. ತುಳಸಿಗೆ ತೆಳುವಾದ ಒಂದು ಪದರ ಸಾಕು. ಕಳ್ಳಿ, ಅಡೇನಿಯಂ ಕುಂಡಗಳಿಗೆ ಏನೂ ಬೇಡ, ಒಣ ಮಣ್ಣೇ ಅವಕ್ಕೆ ಹಿತ.